ಊರಕನ್ನಡಿಗೆ ಸಿಕ್ಕ ಎರಡು ಪುಟ

ಹೊಸದುರ್ಗ
16 ಫೆಬ್ರವರಿ 2025, ಭಾನುವಾರ

ಪ್ರೀತಿಯ ರೌಫ್,

ಸಲಾಂ. ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಹಿರಿಯೂರಿನಲ್ಲಿ ನೀನೂ ಮನೆಯವರೂ ಹಾಗೇ ಇದ್ದೀರೆಂದು ನಂಬಿದ್ದೇನೆ. ಸಂಕ್ರಾಂತಿಗೆ ಮುಂಚೆ ನೀನು ಮಾಡಿದ ಫೋನಿಗೆ ನಾನು ತಿರುಗಿ ಮಾಡಲಿಲ್ಲ, ಆಮೇಲೆ ಎರಡು ಸಲ ಮಾಡಿದ್ದನ್ನು ಎತ್ತಲೂ ಇಲ್ಲ. ಬೈದುಕೋ, ಪರವಾಗಿಲ್ಲ. ಫೋನಿನಲ್ಲಿ ನಾನು ಹೇಳಬೇಕಾದ್ದನ್ನು ಬಿಟ್ಟು ಬೇರೆಲ್ಲ ಹೇಳುತ್ತೇನೆ, ನಿನಗೆ ಗೊತ್ತಿರುವುದೇ. ಅದಕ್ಕೇ ಈ ಕಾಗದ.

ಇಲ್ಲಿನ ವರ್ತಕರ ಸಂಘಕ್ಕೆ ಐವತ್ತು ವರ್ಷ ತುಂಬಿತೆಂದು ಸ್ಮರಣ ಸಂಚಿಕೆ ತಂದಿದ್ದಾರೆ. ಅದಕ್ಕೆ ನಮ್ಮ ಊರಕನ್ನಡಿ ಕೇಬಲ್ ಚಾನೆಲ್ಲಿನ ಚರಿತ್ರೆ ಬರೆದುಕೊಡು ಎಂದು ಸಂಘದ ಅಧ್ಯಕ್ಷ ನಾಗರಾಜಪ್ಪ ದೀಪಾವಳಿಯಿಂದಲೂ ನನಗೆ ಗಂಟುಬಿದ್ದಿದ್ದ. ಕಳೆದ ಭಾನುವಾರ ಬಿಡುಗಡೆ ಆಯಿತು. ಇದರ ಜೊತೆಗೇ ಒಂದು ಪ್ರತಿ ಇಟ್ಟಿದ್ದೇನೆ, ನಲವತ್ತೊಂದನೇ ಪುಟ ತೆಗೆ. ತೆಗೆಯುವ ಮೊದಲೇ ಹೇಳಿಬಿಡುತ್ತೇನೆ, ಅದರಲ್ಲಿ ನಿನ್ನ ಹೆಸರಿಲ್ಲ. ಒಂದು ಕಡೆಯೂ ಇಲ್ಲ.

ಹದಿನೆಂಟು ವರ್ಷ ನಡೆದ ಚಾನೆಲ್ಲಿಗೆ ಎರಡೇ ಎರಡು ಪುಟ! ಅದರಲ್ಲಿ ಅರ್ಧ ಪುಟ ನನ್ನ ಮುಖ. ಸಿಮೆಂಟ್ ಅಂಗಡಿಯವರಿಗೆ ಎದುರುಬದುರು ಎರಡು ಪುಟ ಬಣ್ಣದಲ್ಲಿ ಕೊಟ್ಟಿದ್ದಾರೆ. ನಾಗರಾಜಪ್ಪನ ಮೊಮ್ಮಗಳ ಭರತನಾಟ್ಯದ ಫೋಟೋಗೂ ಜಾಗ ಇದೆ. ಮನೆಗೆ ತಂದು ಓದುತ್ತಾ ಓದುತ್ತಾ ನನಗೆ ಪಿತ್ತ ನೆತ್ತಿಗೇರಿತು. ಓದಿದವರು ಏನೆಂದುಕೊಳ್ಳುತ್ತಾರೆ ಗೊತ್ತೇ? ರಾಜಶೇಖರ ಎಂಬ ಒಬ್ಬ ಮಹಾನುಭಾವ ಒಂದು ದಿನ ಕೊಬ್ಬರಿ ಮಂಡಿಯ ಮಹಡಿ ಹತ್ತಿ ಕೂತ, ಸಂಜೆಗೆ ಟೀವಿ ಬಂತು ಎಂದುಕೊಳ್ಳುತ್ತಾರೆ.

ಆ ಮಹಡಿಯ ಕೋಣೆ ನಮ್ಮ ಅಣ್ಣನದು, ಅಷ್ಟು ನಿಜ. ತೊಂಬತ್ತೇಳರಲ್ಲಿ ಬಸ್‌ಸ್ಟ್ಯಾಂಡಿನ ಪಕ್ಕ ರೇಡಿಯೋ ರಿಪೇರಿ ಮಾಡುತ್ತಿದ್ದ ನಿನ್ನನ್ನು ಅಲ್ಲಿಗೆ ಕರೆತಂದವನು ನಾನು, ಅದೂ ನಿಜ. ಆದರೆ ವೀಸಿಆರ್ ಅನ್ನು ಕೇಬಲ್ಲಿಗೆ ಸೇರಿಸುವ ಡಬ್ಬ ಕೊಳ್ಳಲಾಗದೆ ನೀನು ಹಳೇ ಟೀವಿಗಳ ಹೊಟ್ಟೆ ಬಗೆದು ಒಂದನ್ನು ಜೋಡಿಸಿದೆಯಲ್ಲ, ಅದನ್ನು ಇವತ್ತಿಗೂ ನನಗೆ ಬಿಡಿಸಿ ಹೇಳಲು ಬರುವುದಿಲ್ಲ. ಅದರ ಶಕ್ತಿಯಾದರೂ ಎಷ್ಟು? ತಾಲ್ಲೂಕು ಆಫೀಸು ದಾಟಿದರೆ ಪರದೆ ತುಂಬ ರಾಗಿ ಚೆಲ್ಲಿದ ಹಾಗೆ ಚುಕ್ಕಿ. ತೆಂಗಿನ ಮರದಿಂದ ಮರಕ್ಕೆ ವೈರು ಎಳೆದವನು ನೀನು, ಅಳಿಲು ಕಡಿದಾಗಲೆಲ್ಲ ಹತ್ತಿದವನೂ ನೀನು. ನಾನು ಕೆಳಗೆ ನಿಂತು ಏಣಿ ಹಿಡಿದು ಹುಷಾರು ಹುಷಾರು ಎನ್ನುತ್ತಿದ್ದೆ.

ಬೋರಕ್ಕನ ಪ್ರಸಂಗ ಬರೆಯುವಾಗ ಒಬ್ಬನೇ ಕೂತು ನಕ್ಕೆ. ಮೊಮ್ಮಗ ಅಜ್ಜಿಯ ಎಪ್ಪತ್ತರ ಹುಟ್ಟುಹಬ್ಬಕ್ಕೆ ಹಾಕಿ ಎಂದು ಕೊಟ್ಟ ಫೋಟೋವನ್ನು ನಾನು ನಿಧನ ವಾರ್ತೆಯ ಕಪ್ಪು ಚೌಕಟ್ಟಿಗೆ ಸೇರಿಸಿಬಿಟ್ಟಿದ್ದೆ. ಮರುದಿನ ಬೆಳಿಗ್ಗೆ ಫೋನಿನಲ್ಲಿ ಸುದ್ದಿ ಕೇಳಿದ ನೆಂಟರು ರಾಮಗಿರಿಯಿಂದ ಹಾರ ಹಿಡಿದು ಅಳುತ್ತಾ ಬಸ್ಸಿಳಿದರೆ, ಆಕೆ ಅಂಗಳದಲ್ಲಿ ಕೂತು ಹುಣಸೆಹಣ್ಣು ಬಿಡಿಸುತ್ತಿದ್ದಾಳೆ! ಅದೇ ಹಾರ ಹಿಡಿದುಕೊಂಡು ನಮ್ಮ ಮಹಡಿ ಹತ್ತಿ ಬಂದಳಲ್ಲ, "ಯಾವನ್ಲೇ ನನ್ನ ಸಾಯಿಸ್ದೋನು? ಬಾ, ಕೊಳ್ಳು ಕೊಡು, ನಿಂಗೇ ಹಾಕ್ತೀನಿ" ಎಂದು. ನಾನು ಟೇಪುಗಳ ಬೀರುವಿನ ಹಿಂದೆ ಸೇರಿಕೊಂಡೆ. ತಪ್ಪಾಯಿತು ಎಂದು ಕೈಮುಗಿದವನು ನೀನು.

ಆಮೇಲೆ ನಮ್ಮ ಚಾನೆಲ್ಲಿನ ಆ ಒಂದೇ ಒಂದು ಕಾನೂನು ಬಂತು. ಯಾರೇ ಸತ್ತರೂ ರೌಫ್ ಸೈಕಲ್ಲಿನಲ್ಲಿ ಆ ಮನೆಗೆ ಹೋಗಿ, ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಕಣ್ಣಾರೆ ನೋಡಿ, ಹೆಸರು ವಯಸ್ಸು ಮಕ್ಕಳ ಹೆಸರು ಬರೆದುಕೊಂಡು ಬಂದ ಮೇಲೆಯೇ ನಿಧನ ವಾರ್ತೆ. ಲಿಂಗಾಯತರ ಕೇರಿ, ಗೊಲ್ಲರಹಟ್ಟಿ, ಎಲ್ಲಿಗಾದರೂ ಸರಿ. ಊರಿನವರು ಅದಕ್ಕೆ ಎಷ್ಟು ಒಗ್ಗಿಹೋಗಿದ್ದರೆಂದರೆ, ನೀನು ಬರುವುದು ತಡವಾದರೆ ನಮ್ಮ ಮಹಡಿಗೇ ಆಳು ಕಳಿಸುತ್ತಿದ್ದರು. "ರೌಫ್ ಬಂದು ನೋಡ್ಕಂಡು ಹೋಗ್ಲಿ ತಡೀರಿ, ಆಮೇಲೆ ಎತ್ತಾಣ" ಎಂದು ಹೆಣ ಎತ್ತದೆ ಕಾದಿದ್ದನ್ನೂ ನಾನು ಕಂಡಿದ್ದೇನೆ. ಅಳುವವರ ಜೊತೆ ಅರ್ಧ ತಾಸು ಕೂತು ಬರುತ್ತಿದ್ದೆ ನೀನು. ಸುದ್ದಿ ತಡವಾಯಿತು ಎಂದು ನಾನು ರೇಗುತ್ತಿದ್ದೆ.

ಖಾತುನ್ ಬೀ ಅಮ್ಮ ತೀರಿಕೊಂಡ ದಿನ ನಾನು ನಿನ್ನನ್ನು ಕೇಳದೆಯೇ ವಾರ್ತೆ ಸಿದ್ಧ ಮಾಡಿದ್ದೆ. ನೀನು ಮಹಡಿ ಹತ್ತಿ ಬಂದು, "ರೂಲು ಎಲ್ರಿಗೂ ಒಂದೇ ರಾಜಣ್ಣ. ಬಂದು ನೋಡು, ಆಮೇಲೆ ಹಾಕು" ಎಂದೆ. ನಾನು ಬಂದೆ. ಆಕೆ ಎಷ್ಟೋ ಸಲ ನನ್ನನ್ನು ಕೂರಿಸಿ ಊಟಕ್ಕಿಟ್ಟ ಜಗುಲಿಯಲ್ಲಿ ನಿಂತು, ಪೆನ್ನು ತೆಗೆದು, ನಿನ್ನ ತಾಯಿಯ ವಯಸ್ಸನ್ನು ನಿನ್ನನ್ನೇ ಕೇಳಿ ಬರೆದುಕೊಂಡೆ.

ಇದನ್ನೆಲ್ಲ ನಾನು ಬರೆದಿದ್ದೆ ಕಣೋ. ಪುಸ್ತಕದಲ್ಲಿ ಇಲ್ಲ. ಆಮೇಲೆ ಪ್ರತಿ ಮನೆಗೂ ದೊಡ್ಡ ಕೇಬಲ್ ಕಂಪನಿಯ ಸೆಟ್‌ಟಾಪ್ ಡಬ್ಬ ಕಡ್ಡಾಯವಾಗಿ ನಮ್ಮ ವೈರು ತೆಂಗಿನ ಮರದಲ್ಲಿ ಒಣಗಿದ ಕಥೆ ಮಾತ್ರ ಪೂರ್ತಿ ಬಂದಿದೆ. ಕಂಪನಿಯವರನ್ನು ಬೈದದ್ದು ಎಲ್ಲರಿಗೂ ಇಷ್ಟವಂತೆ.

ಬಿಡುಗಡೆಯ ದಿನ ನನಗೆ ಶಾಲು ಹೊದಿಸಿದರು. ಅದಕ್ಕೂ ಮುಂಚೆ ನನ್ನ ಲೇಖನವನ್ನು ಮೈಕಿನಲ್ಲಿ ಓದಿದ್ದರು. ವೇದಿಕೆ ಇಳಿಯುವಾಗ ಬೋರಕ್ಕ ಕೋಲೂರಿಕೊಂಡು ಅಡ್ಡ ಬಂದಳು. ತೊಂಬತ್ತು ದಾಟಿದೆ, ಗಂಟಲು ಮಾತ್ರ ಹಾಗೇ ಇದೆ. "ಎಲ್ಲ ಹೇಳಿದ್ರಿ. ಸೈಕಲ್ಲಾಗೆ ಬರ್ತಿದ್ದ ರೌಫ್ ಎಲ್ಲಪ್ಪಾ? ಅವನ ಸುದ್ದೀನೇ ಇಲ್ವಲ್ಲ?" ಎಂದಳು. ಹಿಂದಿನ ಸಾಲಿನವರೂ "ಹೌದಲ್ಲ, ರೌಫ್ ಎಲ್ಲವ್ನೆ? ಅವನ್ನ ಕರೀಬೇಕಿತ್ತು" ಎಂದರು. ಹಿರಿಯೂರಿನಲ್ಲಿ ಅಂಗಡಿ ಇಟ್ಟಿದ್ದಾನೆ, ಚೆನ್ನಾಗಿದ್ದಾನೆ ಎಂದು ತೊದಲಿದೆ. ಆ ಶಾಲು ಬೆಂಕಿಯ ಹಾಗೆ ಸುಡುತ್ತಿತ್ತು. ಅಲ್ಲಿಂದ ನೆಟ್ಟಗೆ ನಾಗರಾಜಪ್ಪನ ಮನೆಗೆ ಹೋಗಿ ಬಾಯಿಗೆ ಬಂದಂತೆ ಕೂಗಾಡಿದೆ. "ಜಾಗ ಇರ್ಲಿಲ್ಲ ಕಣಪ್ಪ, ನಿಂದು ಹನ್ನೆರಡು ಸಾಲು ಜಾಸ್ತಿ ಆಗಿತ್ತು. ಕುಂತ್ಕ, ಕಾಫಿ ಕುಡಿ" ಎಂದ. ಮೊಮ್ಮಗಳ ಕುಣಿತಕ್ಕೆ ಜಾಗ ಐತೇನು ಎಂದು ಕೇಳಿ, ಕಾಫಿ ಮುಟ್ಟದೆ ಎದ್ದು ಬಂದೆ.

ಅವತ್ತಿನಿಂದ ಮನೆಯಲ್ಲಿ ಎಲ್ಲರ ಮೇಲೂ ಹರಿಹಾಯುತ್ತಿದ್ದೇನೆ. ಸೊಸೆ ಅನುಷಾ, "ಮಾವ, ನಿಮ್ಗೆ ಸಿಟ್ಟು ಯಾರ ಮೇಲೆ ಅಂತ ಹೇಳ್ಬಿಡ್ರಿ, ಉಳಿದೋರು ಆರಾಮಾಗಿ ಊಟ ಮಾಡ್ತೀವಿ" ಎಂದಳು.

ನಿನ್ನ ಮಗಳು ಸಬಾಗೆ ಚಿತ್ರದುರ್ಗದಲ್ಲಿ ಮೇಷ್ಟ್ರ ಕೆಲಸ ಸಿಕ್ಕಿತೆಂದು ಬಸ್ಸಿನಲ್ಲಿ ಯಾರೋ ಹೇಳಿದರು. ನೀನು ಫೋನ್ ಮಾಡಿದ್ದು ಅದಕ್ಕೇ ಇರಬೇಕು. ಮಗುವಿಗೆ ನನ್ನ ಆಶೀರ್ವಾದ ಹೇಳು. ನೂರು ಮಕ್ಕಳ ಬಾಯಲ್ಲಿ ಅವಳ ಹೆಸರು ಇರಲಿ, ಆರೋಗ್ಯವಾಗಿ ಬಾಳಲಿ. ನಿನ್ನ ಸಕ್ಕರೆ ಕಾಯಿಲೆ ಹತೋಟಿಯಲ್ಲಿರಲಿ, ಮಾತ್ರೆ ತಪ್ಪಿಸಬೇಡ.

ನಿನ್ನ,
ರಾಜಣ್ಣ

ಮತ್ತೆ ಸೇರಿಸಿದ್ದು: ಲಕೋಟೆಗೆ ಗೋಂದು ಹಚ್ಚಿ ಮತ್ತೆ ಬಿಡಿಸಿದ್ದೇನೆ. ನಾಗರಾಜಪ್ಪ ನಿನ್ನ ಹೆಸರು ತೆಗೆ ಎನ್ನಲಿಲ್ಲ. ಹನ್ನೆರಡು ಸಾಲು ಕಡಿಮೆ ಮಾಡಿಕೊಡು ಎಂದು ನನ್ನ ಬರಹವನ್ನೇ ನನ್ನ ಕೈಗೆ ಕೊಟ್ಟ. ಕಂಪನಿಯವರನ್ನು ಬೈದದ್ದು ತೆಗೆಯಬಹುದಿತ್ತು, ನನ್ನ ಫೋಟೋ ಚಿಕ್ಕದು ಮಾಡಿ ಎನ್ನಬಹುದಿತ್ತು. ಈಗಿನ ಕಾಲ ಹೀಗಿದೆ, ಸಂಘದ ಪುಸ್ತಕದಲ್ಲಿ ಸಾಬರ ಹೆಸರು ಇಷ್ಟು ದೊಡ್ಡದಾಗಿ ಯಾಕೆ ಎಂದು ಯಾರಾದರೂ ಕೇಳಿಯಾರು ಎಂದುಕೊಂಡು, ನಿನ್ನ ಹನ್ನೆರಡು ಸಾಲಿಗೆ ಪೆನ್ನಿನಲ್ಲಿ ಗೀಟು ಎಳೆದವನು ನಾನೇ. ಉಳಿದ ಕಡೆಯೂ ಹುಡುಕಿ ಹುಡುಕಿ ತೆಗೆದೆ. ಅದಕ್ಕೇ ನಿನ್ನ ಫೋನು ಎತ್ತಲಿಲ್ಲ. ಕೊನೆಗೆ ಊರಿನಲ್ಲಿ ಹಾಗೆ ಕೇಳಿದವರು ಒಬ್ಬರೂ ಇಲ್ಲ, ರೌಫ್. ನಾನೊಬ್ಬನೇ.