ಅತ್ತೆ ಬಿದ್ದರೆಂಬ ಸುದ್ದಿ

ರೀ,

ಅಡುಗೆ ಮಾಡಿಲ್ಲ. ಹಾಲು ಕಾಯಿಸಿಟ್ಟಿದ್ದೇನೆ, ಅದೂ ಬೆಕ್ಕಿಗೆ.

ಬೆಳಿಗ್ಗೆ ಬೇಕರಿಗೆ ಫೋನ್ ಮಾಡಿ, "ಅಮ್ಮ ಬಚ್ಚಲಲ್ಲಿ ಬಿದ್ಬಿಟ್ರು, ಬೇಗ ಬಾ" ಅಂದಿರಿ. ಓವನ್ನಿನಲ್ಲಿದ್ದ ಬ್ರೆಡ್ಡನ್ನು ಹಾಗೇ ಬಿಟ್ಟು ಬರಿಗಾಲಲ್ಲಿ ಓಡಿಬಂದೆ. ಬಾಗಿಲಲ್ಲೇ ನಿಂತು "ಏಪ್ರಿಲ್ ಫೂಲ್!" ಎಂದು ಹೊಟ್ಟೆ ಹಿಡಿದುಕೊಂಡು ನಕ್ಕಿರಿ. ಐವತ್ತು ದಾಟಿದ ಗಂಡಸಿಗೆ ಎಂಥ ಘನಂದಾರಿ ಬುದ್ಧಿ!

ನಾನು ವಾಪಸ್ ಹೋಗುವಷ್ಟರಲ್ಲಿ ಬ್ರೆಡ್ಡೆಲ್ಲ ಸೀದು ಕರಕಲಾಗಿತ್ತು. ಯಜಮಾನಿ ನಾಳೆಯಿಂದ ಬರಬೇಡ ಎಂದಳು. ಕೆಲಸ ಹೋಯಿತೆಂದು ನಿಮಗೆ ಫೋನ್ ಮಾಡಿದರೆ, "ನನ್ನನ್ನೇ ಫೂಲ್ ಮಾಡ್ತೀಯಾ?" ಎಂದು ಮತ್ತೆ ನಕ್ಕಿರಿ.

ಅಕ್ಕನ ಮನೆಗೆ ಹೊರಟಿದ್ದೇನೆ. ಗ್ಯಾಸ್ ಆರಿಸಿದ್ದೇನೆ, ಒಣಗಿದ ಬಟ್ಟೆ ನೀವೇ ಮಡಚಿ.

ನಿಮ್ಮಮ್ಮನೂ ನನ್ನ ಜೊತೆ ಬರುತ್ತಿದ್ದಾರೆ. "ನನ್ನನ್ನ ಬೀಳಿಸಿ ನಗೋ ಮಗ ನಂಗ್ಯಾಕೆ, ನಡಿಯೇ" ಅಂದರು.