ಅಂಕಮ್ಮಕ್ಕ ಪೂಜೆ ಮಾಡಿದ ನಲ್ಲಿ

ಸರ್ಕಾರದ ಪ್ರಚಾರ ಸಲಹೆಗಾರರಾದ ಮಾನ್ಯರೇ,

ಮೊದಲು ನನ್ನ ಅಪರಾಧ ಒಪ್ಪಿಕೊಂಡುಬಿಡುತ್ತೇನೆ. ಕಳೆದ ಸೋಮವಾರ ಹಾಡಹಗಲೇ ಮಳವಳ್ಳಿ ಬಸ್ ನಿಲ್ದಾಣದ ಎದುರಿನ ಕಂಬ ಹತ್ತಿ, ತಮ್ಮ ಫ್ಲೆಕ್ಸ್ ಒಂದನ್ನು ಕುಡುಗೋಲಿನಿಂದ ಕೊಯ್ದು ಕದ್ದವನು ನಾನೇ. ಸುತ್ತಿಕೊಂಡು ಬಸ್ಸು ಹತ್ತಿದರೆ ಕಂಡಕ್ಟರು ಲಗೇಜ್ ಟಿಕೆಟ್ ಕೇಳಿದ. ಬಿಚ್ಚಿ ತೋರಿಸಿದೆ. "ಎಣ್ಮಗ್ಳು! ಅಂಗಾದ್ರೆ ಫ್ರೀ ಬುಡಿ ಸಾ" ಎಂದ. ಮಾಲು ಸದ್ಯ ನನ್ನ ಮಂಚದಡಿ ಬಂಧನದಲ್ಲಿದೆ.

ಆ ಹೆಣ್ಣುಮಗಳು ಆತಗೂರು ಹೋಬಳಿಯ ನಮ್ಮೂರಿನ ಅಂಕಮ್ಮಕ್ಕ. ಸೊಂಟದಲ್ಲಿ ತುಂಬಿದ ಬಿಂದಿಗೆ, ಪಕ್ಕದಲ್ಲಿ ಥಳಥಳ ನಲ್ಲಿ, ಅದರ ಬುಡದಲ್ಲಿ ಒಡೆದ ಕಾಯಿ, ಕೆಳಗೆ 'ನಲ್ಲಿ ತಿರುಗಿತು, ನಸೀಬು ತಿರುಗಿತು' ಎಂಬ ಘೋಷವಾಕ್ಯ. ನಲ್ಲಿಯನ್ನು ತಮ್ಮ ಕಡೆಯವರು ವ್ಯಾನಿನಲ್ಲಿ ತಂದು ನೆಟ್ಟರು. ಅದು ಉಳಿಯುತ್ತದೆಂದು ನಂಬಿದ ಅಂಕಮ್ಮಕ್ಕ ಅರಿಶಿನ ಕುಂಕುಮವಿಟ್ಟು ಕಾಯಿ ಒಡೆದಳು. ಫೋಟೋ ಮುಗಿಯಿತು, ನಲ್ಲಿ ವ್ಯಾನು ಹತ್ತಿತು. ಬಿಂದಿಗೆಯ ನೀರು ಮಾತ್ರ ಅಸಲಿ; ಮೈಲಿಯಾಚೆಯ ಪಂಪ್‌ಸೆಟ್ಟಿನಿಂದ ಮಂಡಿನೋವಿನ ಕಾಲೆಳೆದು ಆಕೆಯೇ ಹೊತ್ತು ತಂದದ್ದು.

ಈಗ ನಿಜವಾದ ನಲ್ಲಿಗಳು ಬಂದಿವೆ. ಪಟ್ಟಿಯಲ್ಲಿ ಆಕೆಯ ಹೆಸರಿಲ್ಲ. ಕೇಳಲು ಹೋದರೆ ಪಂಚಾಯಿತಿಯ ಗುಮಾಸ್ತ ಗೋಡೆಯ ಮೇಲಿದ್ದ ಅದೇ ಚಿತ್ರ ತೋರಿಸಿದ. "ನಲ್ಲಿಗೆ ಕಾಯೇ ಒಡ್ದಿದ್ದೀಯಲ್ಲಮ್ಮ, ಬಂದಿಲ್ಲ ಅಂದ್ರೆ ಯಾರ್ ನಂಬ್ತಾರೆ?"

"ಅಂಗಾದ್ರೆ ಆ ಫೋಟೋದ್ ನೀರ್ನೇ ಬಿಂದ್ಗೆಗ್ ತುಂಬ್ಕೊಡಪ್ಪ, ಒತ್ಕಂಡ್ ಓಯ್ತೀನಿ" ಎಂದು ಅಂಕಮ್ಮಕ್ಕ ಎದ್ದು ಬಂದಳು.

ಮಾನ್ಯರೇ, ತಮ್ಮ ಏಳಿಗೆಯನ್ನು ಮೊದಲಿನಿಂದ ನೋಡಿಕೊಂಡು ಬಂದಿದ್ದೇನೆ. ಕೂದಲೆಣ್ಣೆ ಮಾರಿದಿರಿ; ಬೋಳುತಲೆಗಳು ಬೋಳಾಗಿಯೇ ಉಳಿದವು, ಬೆಳೆದವರು ತಾವೊಬ್ಬರೇ. ಆಮೇಲೆ ಅಭ್ಯರ್ಥಿಗಳನ್ನು ಮಾರಿದಿರಿ. ಗದ್ದೆಯ ಬದು ತುಳಿಯದವರನ್ನು ಮೊಣಕಾಲುದ್ದ ಕೆಸರಿನಲ್ಲಿ ನಿಲ್ಲಿಸಿ ಗೆಲ್ಲಿಸಿದಿರಿ; ಕೆಸರು ಅವರ ಕಾಲಿಗಾಯಿತು, ಮೊಸರು ತಮ್ಮ ಬಾಯಿಗೆ. ಆಮೇಲೆ ಸುದ್ದಿವಾಹಿನಿಯನ್ನೂ ಕೊಂಡಿರಿ. ಈಗ ತಮ್ಮ ಜಾಹೀರಾತು ಎಷ್ಟು ನಿಜವೆಂದು ತಮ್ಮದೇ ವಾಹಿನಿಯಲ್ಲಿ ತಾವೇ ಚರ್ಚಿಸಿ ತಾವೇ ಒಪ್ಪಿಕೊಳ್ಳುತ್ತೀರಿ. ಆಚಾರ, ವಿಚಾರ ಎರಡನ್ನೂ ಕಳೆದರೆ ಉಳಿಯುವುದೇ ಪ್ರಚಾರವಲ್ಲವೇ? ನಾನಂತೂ ಮಳವಳ್ಳಿಯಲ್ಲಿ ಮೂವತ್ತು ವರ್ಷ ಕಾಲೇಜಿನ ಹುಡುಗರಿಗೆ ಕನ್ನಡ ಹೇಳಿದವನು. ಯಾವ ಜಾಹೀರಾತಿಗೂ ಮರುಳಾದವನಲ್ಲ.

ನನ್ನ ಬೇಡಿಕೆ ಇಷ್ಟೇ. 'ಆ ನಲ್ಲಿ ನಮ್ಮದು, ಆಕೆಯದಲ್ಲ' ಎಂದು ಪಂಚಾಯಿತಿಗೆ ಬರೆದುಕೊಡಿ. ಆಕೆಯ ಬಾಗಿಲಿಗೆ ನೀರು ಬರುವವರೆಗೆ, 'ಬಂದಿಲ್ಲ' ಎಂದು ಬರೆದ ಅದೇ ಅಳತೆಯ ಫ್ಲೆಕ್ಸನ್ನು ಅದೇ ಕಂಬಕ್ಕೆ ಕಟ್ಟಿಸಿ.

ಈ ಪತ್ರವನ್ನು ಅಂಕಮ್ಮಕ್ಕನಿಗೆ ಓದಿ ಹೇಳಿದೆ. ಪೂರ್ತಿ ಕೇಳಿ ಒಂದೇ ಮಾತು ಆಡಿದಳು: "ಎಲ್ಲ ಸರಿ ಮೇಷ್ಟ್ರೇ. ನಲ್ಲಿ ಇಲ್ಲೇ ಇರ್ತದೆ, ಪೂಜೆ ಮಾಡು ಅಂದೋರು ನೀವೇ ಅಲ್ವಾ? ಅದ್ನ ಬರ್ದಿಲ್ವಲ್ಲ."

ಇಗೋ, ಬರೆದಿದ್ದೇನೆ. ಆ ಘೋಷವಾಕ್ಯ ಹೊಸೆದುಕೊಟ್ಟವನೂ ನಾನೇ. ಅದರ ಕೆಳಗೆ ನನ್ನ ಹೆಸರು ಹಾಕುತ್ತೇವೆಂದು ತಮ್ಮ ಕಡೆಯವರು ಹೇಳಿದ್ದರು. ಅಂದು ಕಂಬ ಹತ್ತಿದವನು ಕುಡುಗೋಲು ತೆಗೆಯುವ ಮೊದಲು ಹುಡುಕಿದ್ದು ಅದನ್ನೇ. ಇರಲಿಲ್ಲ.

ಇಂತಿ,
ಫ್ಲೆಕ್ಸಿನಲ್ಲಿ ಇಲ್ಲದ
ಕೆಂಪಸಿದ್ದಯ್ಯ, ನಿವೃತ್ತ ಕನ್ನಡ ಅಧ್ಯಾಪಕ