ಪರದೆಯ ಮೇಲೆ ನೀನು ಅತ್ತದ್ದು

ನನ್ನ ಚಿಗವ್ವಾ,

ಮೊನ್ನೆ ಬೈಲಹೊಂಗಲದ ಮದುವೆಯೊಂದರಲ್ಲಿ ಫೋಟೋಕ್ಕೆ ನಿಂತಾಗ ಯಾರೂ ನಿನ್ನ ಹಾಗೆ ನನ್ನ ಗದ್ದ ಹಿಡಿದು ಬೆಳಕಿನ ಕಡೆ ತಿರುಗಿಸಲಿಲ್ಲ. 'ಡೊಗ್ಗಬ್ಯಾಡ, ಮಾರಿ ಮ್ಯಾಲ ಬೆಳಕ ಬೀಳಲಿ' ಎಂದು ಬೈಯಲಿಲ್ಲ. ಬೇಕಾದ ಹಾಗೆ ಬೆನ್ನು ಬಾಗಿಸಿ ಡೊಗ್ಗಿ ನಿಂತೆ, ಖುಷಿಯಾಗಲಿಲ್ಲ. ನಿನ್ನ ಜೊತೆ ಜಗಳ ಆಡದೆ ವರ್ಷವಾಗುತ್ತ ಬಂತು. ಇನ್ನು ಯಾರ ಜೊತೆ ಆಡಲಿ? ನಿನ್ನ ಅಕ್ಕ, ನಮ್ಮವ್ವ, ಮಾತೇ ಬಿಟ್ಟಿದ್ದಳು.

ನೀನು ಹೋದ ದಿನ ಹೆಂಗಸರೆಲ್ಲ ನಿನ್ನ ಸುತ್ತ ಕುಳಿತು ಅವ್ವನ ಮುಖವನ್ನೇ ನೋಡುತ್ತಿದ್ದರು. ನಮ್ಮ ಮಂದಿ ಸತ್ತವರ ಮುಂದೆ ಹಾಡಿಕೊಂಡು ಅಳುತ್ತಾರಲ್ಲ, ಮೊದಲ ಸೊಲ್ಲು ಒಡಹುಟ್ಟಿದವಳು ಎತ್ತಲಿ ಎಂದು ಕಾದರು. ಅವ್ವ ಎತ್ತಲೇ ಇಲ್ಲ. ಕಣ್ಣಲ್ಲಿ ಒಂದು ಹನಿಯೂ ಇಲ್ಲ. ಸವದತ್ತಿಗೆ ನನ್ನ ಮನೆಗೆ ಕರೆತಂದೆ. ಇಲ್ಲಿಯೂ ಅಷ್ಟೇ, ಗೋಡೆ ನೋಡುತ್ತ ಕೂರುತ್ತಿದ್ದಳು. ಒಮ್ಮೆ ಅತ್ತುಬಿಟ್ಟರೆ ಹಗುರಾಗುತ್ತಾಳೆ, ಇಲ್ಲದಿದ್ದರೆ ಇವಳೂ ನಿನ್ನ ಹಿಂದೆಯೇ... ನನಗೆ ಭಯವಾಗಿತ್ತು.

ನಿನ್ನ ಸಿನಿಮಾದ ಕಥೆ ನೆನೆದರೆ ಈಗಲೂ ನಗು ಬರುತ್ತದೆ. ನಾಟಕ ಕಂಪನಿ ಬಿಟ್ಟು ಮದ್ರಾಸಿಗೆ ಹೋದೆ. ಎರಡು ಮೂರು ಸಿನಿಮಾ, ಎಲ್ಲದರಲ್ಲೂ ನಾಯಕಿಯ ಗೆಳತಿ. ಆಕೆ ನಕ್ಕರೆ ನೀನು ನಗಬೇಕು, ಆಕೆ ಅತ್ತರೆ ನೀನು ಸೆರಗು ಕಚ್ಚಬೇಕು. 'ನನ್ನ ಮಾತು ಭಾಳ ಖಡಕ್ ಆತಂತ, ಬ್ಯಾರೇದಾಕಿ ಕಡಿಂದ ಮಾತಾಡಸ್ತಿದ್ರು' ಎಂದು ನೀನೇ ಹೇಳುತ್ತಿದ್ದೆ. ಬಾಯಿ ನಿನ್ನದು, ದನಿ ಇನ್ನೊಬ್ಬಳದು.

ಕೊನೆಯ ಸಿನಿಮಾದಲ್ಲಿ ನಾಯಕಿಯ ತಾಯಿ ಸತ್ತಾಗ ನೀನು ನಮ್ಮ ಕಡೆಯ ಹಾಗೆ ಹಾಡಿಕೊಂಡು ಅತ್ತಿದ್ದೆಯಂತೆ. ಆ ಅಳು ಬೇರೆಯಾಕೆಗೆ ಬರಲಿಲ್ಲ, ನಿನ್ನ ದನಿಯನ್ನೇ ಇಟ್ಟುಕೊಂಡರು. ನಿಮ್ಮ ತವರೂರು ಕಟಕೋಳದಿಂದ ಚಕ್ಕಡಿ ಕಟ್ಟಿಕೊಂಡು ರಾಮದುರ್ಗದ ಸಿನಿಮಾ ಟೆಂಟಿಗೆ ಹೋದ ಅಜ್ಜ, ನಿಮ್ಮಪ್ಪ, ಅರ್ಧಕ್ಕೇ ಎದ್ದು ಬಂದ. ನಿಮ್ಮ ಸ್ವಂತ ತಾಯಿ ಸತ್ತಾಗ ನೀವು ಅಕ್ಕತಂಗಿ ಅತ್ತ ಮಾತುಗಳನ್ನೇ ನೀನು ಅಲ್ಲಿಯೂ ಅತ್ತಿದ್ದೆ. 'ನಿಮ್ಮವ್ವನ ಮುಂದ ಅತ್ತ ಅಳು ಅದು. ಮಂದಿ ಟಿಕೀಟ ತಗದು ನೋಡಬೇಕೇನ ಅದನ್ನ?' ಎಂದ ಅಜ್ಜ. ಅಲ್ಲಿಗೆ ನಿನ್ನ ಮದ್ರಾಸು ಮುಗಿಯಿತು. ಬೈಲಹೊಂಗಲದ ಅರಳೆ ವ್ಯಾಪಾರಿಯ ಮನೆಗೆ ನಿನ್ನನ್ನು ಕೊಟ್ಟರು. ಅಜ್ಜನ ಮಾತಿಗೆ ಕಟ್ಟುಬಿದ್ದು ಅವ್ವ ಆ ಸಿನಿಮಾ ನೋಡಲೇ ಇಲ್ಲ. 'ಒಮ್ಮೆ ನೋಡ ಅಕ್ಕಾ' ಎಂದು ನೀನು ಯಾಕೆ ಕೇಳಲಿಲ್ಲ? ಕೇಳಲಾರದಷ್ಟು ಆಸೆ ಇತ್ತೇನೋ. ಅಜ್ಜನ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ.

ಹೋದ ಸೋಮವಾರ ಮಧ್ಯಾಹ್ನ ಆ ಸಿನಿಮಾ ನನ್ನ ಮೊಬೈಲಿನಲ್ಲಿ ಸಿಕ್ಕಿತು. ಚಿತ್ರ ಮಸುಕು, ಆದರೆ ದನಿ ನಿನ್ನದೇ. ಎಷ್ಟು ಎಳೆಯ ದನಿ ಚಿಗವ್ವಾ... ಪಕ್ಕದಲ್ಲಿ ಅವ್ವನ ಮುಂದೆ ಶೇಂಗಾ ಸುಲಿಯಲು ಇಟ್ಟಿದ್ದೆ. 'ಹೋದೆಲ್ಲ ನನ್ನವ್ವಾ, ಒಲಿ ಆರಿಸಿ ಹೋದೆಲ್ಲ, ಯಾರ ಮುಂದ ಕುಂತು ಉಣ್ಣಲಿ' ಎಂದು ನೀನು ಎತ್ತಿದೆ. ಅವ್ವನ ಕೈ ನಿಂತಿತು.

'ಬಂದ್ ಮಾಡ್ಲೇನಬೇ?' ಎಂದೆ.

'ಇರಲಿ. ಇನ್ನೊಮ್ಮೆ ಹಚ್ಚು.'

ಹಚ್ಚಿದೆ. ಸೊಲ್ಲು ಮುಗಿಸಿ ನೀನು ಉಸಿರೆಳೆದುಕೊಳ್ಳುವಲ್ಲಿ ಅವ್ವ ಎತ್ತಿದಳು. 'ಹೋದೆಲ್ಲ ನನ್ನ ತಂಗೀ, ನನಗಿಂತ ಸಣ್ಣಾಕಿ ನೀ, ನನ್ನ ಬಿಟ್ಟ ಮುಂದ ಹೋದೆಲ್ಲ...' ಒಂದು ಸೊಲ್ಲು ನೀನು, ಒಂದು ಸೊಲ್ಲು ಅವಳು. ಪಕ್ಕದ ಮನೆಯ ಮುದುಕಿ ಓಡಿ ಬಂದಳು, ಅವ್ವನ ಬೆನ್ನು ಸವರುತ್ತ ಕುಳಿತಳು. ನಾನೂ ಅತ್ತೆ. ನಿನ್ನನ್ನು ನೋಡುವ ಆಸೆ ಬಹಳವಾಗಿತ್ತು.

ಆಮೇಲೆ ಅವ್ವ ಮುಖ ತೊಳೆದುಕೊಂಡು ಬಂದು ನನ್ನ ಪಕ್ಕ ಕುಳಿತಳು. ಅವಳು ಅಂದದ್ದನ್ನು ನಿನಗೆ ಮುಟ್ಟಿಸಲೆಂದೇ ಇದನ್ನು ಬರೆಯುತ್ತಿದ್ದೇನೆ.

'ಚೊಲೋ ಮಾಡ್ಯಾಳ,' ಎಂದಳು. 'ಅಪ್ಪಗ ತಿಳೀಲಿಲ್ಲ.'